ಹೊಳೆ ಓಗೊಟ್ಟ ಅಧ್ಯಾಯ

ನದೀಮೂಲ, ಋಷಿಮೂಲ ಹುಡುಕಬಾರದು ಎಂಬ ಮಾತು ಕಂಡರೆ ನನಗೆ ಮೊದಲಿನಿಂದಲೂ ಆಗದು. ಹುಡುಕಬಾರದು ಎಂದರೆ ಅಲ್ಲೇನೋ ಇದೆ ಎಂದೇ ಅರ್ಥ. ವಾರವೆಲ್ಲ ಸ್ವೀಡನ್ನಿನ ಉಪ್ಸಾಲಾದ ಒಂದು ಔಷಧ ಪ್ರಯೋಗಾಲಯದಲ್ಲಿ ಸೀಸೆಗಳ ಮುಂದೆ ಕೂರುವ ನಾನು, ರಜೆ ಸಿಕ್ಕಾಗ ಕನ್ನಡದಲ್ಲಿ ಹೊಳೆಗಳ ಕಥೆ ಬರೆಯುತ್ತೇನೆ. ಮುನಿಸಿಕೊಂಡು ಹಿಂದಕ್ಕೆ ಹರಿಯುವ ಹೊಳೆ, ನೆರಳನ್ನು ಒತ್ತೆ ಇಟ್ಟುಕೊಂಡು ದಾಟಿಸುವ ಹೊಳೆ, ಇಂಥವು. ಬೆಂಗಳೂರಿನಲ್ಲಿ ಹುಟ್ಟಿ, ನಲ್ಲಿಯಲ್ಲಿ ದಿನ ಬಿಟ್ಟು ದಿನ ಬರುವ ಕಾವೇರಿಯನ್ನಷ್ಟೇ ಕಂಡವಳಿಗೆ ಈ ಹುಚ್ಚು ಎಲ್ಲಿಂದ ಹತ್ತಿತೋ ಗೊತ್ತಿಲ್ಲ. ಎರಡು ಪುಸ್ತಕ ಬಂದಿವೆ. ಮಕ್ಕಳಿಗೆಂದು ಕೊಂಡ ದೊಡ್ಡವರು ಮೊದಲು ತಾವೇ ಓದಿ ಮುಗಿಸಿದರಂತೆ. ಅದನ್ನು ನಾನು ಹೊಗಳಿಕೆ ಎಂದೇ ತಿಳಿದುಕೊಂಡಿದ್ದೇನೆ.

ಮೂರನೆಯ ಪುಸ್ತಕ ಮಾತ್ರ ಕೊನೆಯ ಅಧ್ಯಾಯದಲ್ಲಿ ಸಿಕ್ಕಿಕೊಂಡಿತು. ಕಥೆ ಸರಳ. ಅಕ್ಕ, ತಂಗಿ, ಒಂದು ಹೊಳೆ. ತಂಗಿಯನ್ನು ಹೊಳೆ ಎಳೆದುಕೊಂಡು ಹೋಗುತ್ತದೆ. ಅಕ್ಕ ಅದರ ಬೆನ್ನು ಹತ್ತಿ, ಅದು ಒಡ್ಡಿದ ಒಗಟುಗಳನ್ನೆಲ್ಲ ಬಿಡಿಸಿ, ತಂಗಿಯನ್ನು ವಾಪಸು ಕರೆತರುತ್ತಾಳೆ. ಬೆಂಗಳೂರಿನ ಪ್ರಕಾಶಕರು ಕರಡು ಓದಿ ಫೋನ್ ಮಾಡಿದರು.

"ಮೇಡಂ, ಇದು ಮಕ್ಕಳಿಗಾ ದೊಡ್ಡೋರಿಗಾ, ಒಂದು ಡಿಸೈಡ್ ಮಾಡ್ಬಿಡಿ. ಹುಡುಗಿ ವಾಪಸ್ ಬಂದ್ರೆ ದೊಡ್ಡೋರು ನಂಬಲ್ಲ. ಬರ್ಲಿಲ್ಲ ಅಂದ್ರೆ ಮಕ್ಕಳ ಕೈಗೆ ಯಾರೂ ಕೊಡಲ್ಲ."

"ಎರಡೂ ಅಲ್ಲದ್ದು ಏನಾದ್ರೂ ಇದ್ರೆ?"

"ಇದ್ರೆ ಬರೀರಿ, ನಾನೂ ನೋಡ್ತೀನಿ," ಎಂದರು. ಅತ್ತ ದರಿ, ಇತ್ತ ಪುಲಿ. ಅಷ್ಟರಲ್ಲಿ ನಾನು ಮುಖಪುಟಕ್ಕೆ ಯಾವ ನೀಲಿ ಬೇಕೆಂದು ಆರಿಸಿಯೂ ಆಗಿತ್ತು. ಕೂಸು ಹುಟ್ಟುವ ಮೊದಲೇ ಕುಲಾವಿ ಹೊಲಿಸುವುದು ನನ್ನ ಹಳೆಯ ಚಾಳಿ.

ಆ ಬೇಸಿಗೆಯಲ್ಲೇ ಅತ್ತೆ, ನನ್ನ ಗಂಡನ ತಾಯಿ, ನಮ್ಮಲ್ಲಿಗೆ ಬಂದದ್ದು. ಕುಂದಾಪುರದ ಕಡೆಯವರು, ಎಪ್ಪತ್ತು ದಾಟಿದವರು. ನನ್ನ ಬೆಂಗಳೂರು ಕಿವಿಗೆ ತೊಂದರೆಯಾಗಬಾರದೆಂದು ತಮ್ಮ ಊರಿನ ಮಾತನ್ನು ಹದ ಮಾಡಿಕೊಂಡು ಮಾತಾಡುವಷ್ಟು ಮರ್ಯಾದಸ್ಥರು. ಬಂದ ಎರಡನೆಯ ದಿನವೇ, ಊರ ದಕ್ಷಿಣಕ್ಕೆ ಹೊಳೆಯ ದಂಡೆಯ ಮೇಲೆ ನಡೆಯುತ್ತಿದ್ದಾಗ ಕೇಳಿದರು, "ಇದಕ್ಕೆ ಭರತ ಯಾವ ಹೊತ್ತಿಗೆ?"

ಭರತ ಎಂದರೆ ಅವರಲ್ಲಿ ಉಬ್ಬರ. ಸಮುದ್ರ ಏರಿದಾಗ ಅವರ ಊರಿನ ಹೊಳೆಗಳೂ ಏರುತ್ತವಂತೆ. ಇದು ಹೋಗಿ ಸೇರುವುದು ಕೆರೆಯಂಥ ದೊಡ್ಡ ಸರೋವರಕ್ಕೆ, ಇಲ್ಲಿಯ ಸಮುದ್ರದಲ್ಲೇ ಉಬ್ಬರ ಇಲ್ಲವೆನ್ನುವಷ್ಟು ಕಡಿಮೆ ಎಂದು ನಾನು ವಿವರಿಸಿದೆ. ಅತ್ತೆ ಹೂಂಗುಟ್ಟಿದರು. ಆಮೇಲೆ ಬಗ್ಗಿ, ಒಂದು ಕಡ್ಡಿ ಹುಡುಕಿ, ನೀರು ಮುಟ್ಟುವ ಕಡೆ ಕೆಸರಿನಲ್ಲಿ ನೆಟ್ಟರು. ಮರುದಿನ ಬೆಳಿಗ್ಗೆ ಒಮ್ಮೆ, ಮಧ್ಯಾಹ್ನ ಒಮ್ಮೆ ಹೋಗಿ ನೋಡಿ ಬಂದರು. ಒಂದು ವಾರ ಹೀಗೆ ನಡೆಯಿತು. ಅಲ್ಲಿಯವರೆಗೆ, ಕಡ್ಡಿ ನೋಡುವ ಹೊತ್ತು ಬಿಟ್ಟರೆ, ನೀರಿನಿಂದ ಹತ್ತು ಹೆಜ್ಜೆ ದೂರವೇ ನಿಲ್ಲುತ್ತಿದ್ದರು. ಹತ್ತು ವರ್ಷದ ನನ್ನ ಮಗಳು ಸೈಕಲ್ಲಿನಲ್ಲಿ ಮುಂದೆ ಹೋಗಲು ಹೊರಟರೆ ಹಿಂದಿನ ಕ್ಯಾರಿಯರ್ ಹಿಡಿದುಕೊಳ್ಳುತ್ತಿದ್ದರು. ಎಂಟನೆಯ ದಿನ ಕಡ್ಡಿ ಕಿತ್ತು ಎಸೆದು, ಹುಲ್ಲಿನ ಮೇಲೆ ಕಾಲು ಚಾಚಿ ಕೂತರು.

"ಏರುವುದೂ ಇಲ್ಲ, ಇಳಿಯುವುದೂ ಇಲ್ಲ. ಪಾಪದ ಹೊಳೆ," ಎಂದರು. ಪಾಪದ್ದು ಎಂದರೆ ಅವರಲ್ಲಿ ಸಾಧು.

ನನಗೆ ಕುತೂಹಲ ಕೆರಳಿತು. ಪ್ರಯೋಗಾಲಯದಲ್ಲಿ ನಮ್ಮ ಹುಡುಗರೂ ಒಂದು ಅಳತೆಯನ್ನು ಇಷ್ಟು ಶ್ರದ್ಧೆಯಿಂದ ತೆಗೆದದ್ದು ನಾನು ಕಾಣೆ. "ಯಾಕತ್ತೆ ಇಷ್ಟೊಂದು ಪರೀಕ್ಷೆ?" ಎಂದು ಕೇಳಿದೆ.

"ಸುಮ್ಮನೆ, ಮಾರಾಯ್ತಿ."

ಅತ್ತೆಯಂದಿರ ಸುಮ್ಮನೆ ಎಂಬ ಮಾತು ಬೀಗ ಹಾಕಿದ ಬಾಗಿಲು. ನಾನು ಕೀಲಿ ಹುಡುಕುತ್ತಲೇ ಇದ್ದೆ, ಅದೂ ತಪ್ಪು ಕಡೆಗಳಲ್ಲಿ. ಹೊಳೆಯ ಬಗ್ಗೆ ಏನಾದರೂ ಹರಕೆಯೋ, ಶಾಸ್ತ್ರವೋ ಇರಬಹುದು, ಪುಸ್ತಕಕ್ಕೆ ಉಪಯೋಗಕ್ಕೆ ಬಂದೀತು ಎಂದು ಲೆಕ್ಕ ಹಾಕುತ್ತಿದ್ದೆ. ಈಗ ನೆನೆದರೆ ನಾಚಿಕೆಯಾಗುತ್ತದೆ.

ಶನಿವಾರ ಬೆಳಗಿನ ಹೊತ್ತು ಅಡಿಗೆಮನೆಯ ಮೇಜಿನ ಬಳಿ ನಾನು ಬರೆದದ್ದನ್ನು ಮಗಳಿಗೆ ಓದಿ ಹೇಳುವುದು ನಮ್ಮ ಮನೆಯ ಪದ್ಧತಿ. ಅವಳು ಕನ್ನಡದಲ್ಲಿ ಕೇಳಿಸಿಕೊಂಡು ಸ್ವೀಡಿಷ್‌ನಲ್ಲಿ ಜಗಳ ಆಡುತ್ತಾಳೆ. ಕನ್ನಡ ಬಳಸಿದರೂ, ಇಲ್ಲಿಯವರ ಭಾಷೆಯಲ್ಲಿ 'ಆದರೆ' ಎಂಬರ್ಥದ 'ಮೆನ್' ಇಲ್ಲದೆ ಅವಳ ವಾಕ್ಯ ಹೊರಡುವುದಿಲ್ಲ. ಆ ಶನಿವಾರ ಅತ್ತೆಯೂ ಬಟಾಣಿ ಸುಲಿಯುತ್ತ ಕೂತಿದ್ದರು. ತಂಗಿಯನ್ನು ನೀರು ಎಳೆದುಕೊಂಡ ಕಡೆ ಅವರ ಕೈ ನಿಂತದ್ದನ್ನು ಕಂಡೆ. ಕಥೆ ಹಿಡಿದಿದೆ ಎಂದು ಒಳಗೊಳಗೇ ಖುಷಿಪಟ್ಟೆ. ಕೊನೆಯಲ್ಲಿ ಹೊಳೆ ಸೋತು, ಹುಡುಗಿಯನ್ನು ಒಣ ಬಟ್ಟೆಯಲ್ಲಿ ದಡಕ್ಕೆ ತಂದು ಬಿಡುವ ಸಾಲು ಓದುತ್ತಿದ್ದಂತೆ ಅತ್ತೆ ಎದ್ದು ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡರು. ಅರ್ಧ ಸುಲಿದ ಬಟಾಣಿ ಮೇಜಿನ ಮೇಲೆಯೇ ಉಳಿಯಿತು.

ಗಂಡನನ್ನು ಹಿಡಿದು ಕೇಳಿದೆ. ಅವನು ತಡವರಿಸಿದ. "ಅಮ್ಮನಿಗೆ ಒಬ್ಬಳು ತಂಗಿ ಇದ್ದಳಂತೆ. ಚಿಕ್ಕವಳಿದ್ದಾಗ ಹೊಳೆಯಲ್ಲಿ ಹೋದಳು ಅಂತ ಯಾರೋ ಹೇಳಿದ ನೆನಪು."

"ಹೆಸರು?"

"ಗೊತ್ತಿಲ್ಲ. ಮನೇಲಿ ಯಾರೂ ಆ ಮಾತೇ ಎತ್ತುತ್ತಿರಲಿಲ್ಲ."

ಕಪಾಳಕ್ಕೆ ಹೊಡೆದಂತಾಯಿತು. ನಾನು ಅಕ್ಕ-ತಂಗಿ ಎಂದು ಬರೆದದ್ದು ಕಾಕತಾಳೀಯ, ಬೇಕಿದ್ದರೆ ಪ್ರಮಾಣ ಮಾಡುತ್ತೇನೆ. ಆದರೆ ಒಬ್ಬರ ಇಡೀ ಬದುಕಿನಲ್ಲಿ ಆಗದೇ ಹೋದದ್ದನ್ನು ಎರಡು ಪುಟದಲ್ಲಿ ಆಗಿಸಿ, ಅವರ ಎದುರಿಗೇ ಕೂತು ಓದಿದ್ದೆನಲ್ಲ.

ಮರುದಿನ ಮಧ್ಯಾಹ್ನ ಹೊಳೆಯ ದಂಡೆಯಲ್ಲಿ ಕ್ಷಮೆ ಕೇಳಿದೆ. ಮಗಳು ಸೈಕಲ್ ಮಲಗಿಸಿ ಬಾತುಕೋಳಿಗಳಿಗೆ ಏನೋ ಹೇಳುತ್ತಿದ್ದಳು. ಅತ್ತೆ ನೀರನ್ನೇ ನೋಡುತ್ತ ಮಾತಾಡಿದರು.

"ನನಗೆ ಹದಿಮೂರು, ಅವಳಿಗೆ ಎಂಟು. ನೀರು ಇಳಿದಾಗ ಚಿಪ್ಪು ಹೆಕ್ಕಲಿಕ್ಕೆ ಹೋದದ್ದು, ಊಟದ ಪದಾರ್ಥಕ್ಕೆ. ಭರತದ ಹೊತ್ತು ನೋಡಿಕೊಳ್ಳುವುದು ನನ್ನ ಕೆಲಸ. ಮಾತಾಡ್ತಾ ಮರೆತೆ. ಅವಳು ದೂರದಲ್ಲಿದ್ದಳು, ಆಚೆ ಮುಖ ಮಾಡಿ. ನಾನು ಕರೆದೆ. ಗಂಟಲು ಕಟ್ಟುವ ತನಕ ಕರೆದೆ. ಗಾಳಿಗೆ ಕೇಳಲಿಲ್ಲವೋ ಎಂತದೋ."

ಆಮೇಲೆ ನನ್ನ ಕಡೆ ತಿರುಗಿ ಅಂದರು, "ನೀನು ಬರೆದ ಹಾಗೆ ವಾಪಸ್ ಕೊಡುವ ಹೊಳೆ ಯಾವುದೂ ಇಲ್ಲ. ಆ ಆಸೆ ನನಗೂ ಇಲ್ಲ. ಒಂದು ಸಲ ಓ ಅಂದಿದ್ದರೆ ಸಾಕಿತ್ತು. ಕೇಳಿಸಿತು ಅಂತ ಗೊತ್ತಾಗ್ತಿತ್ತು."

ನನಗೆ ಅಳು ಬಂತು. "ಆ ಅಧ್ಯಾಯ ತೆಗೆದುಬಿಡ್ತೀನಿ, ಅತ್ತೆ," ಎಂದೆ. ಅಷ್ಟು ಹೊತ್ತಿಗೆ ಮಗಳು ಬಂದು ನಿಂತಿದ್ದಳು. ಎಷ್ಟು ಕೇಳಿಸಿಕೊಂಡಿದ್ದಳೋ. "ಮೆನ್ ಅಮ್ಮ, ಮ್ಯಾಜಿಕ್ ತೆಗೆದ್ರೆ ಅದು ಬರೀ ನ್ಯೂಸ್ ಆಗುತ್ತೆ," ಎಂದಳು.

ಅತ್ತೆ ಮಾತು ತಿರುಗಿಸಲೆಂದೇ ಇರಬೇಕು, ಅವಳ ಕೈ ಹಿಡಿದು ಕೇಳಿದರು. "ಇಂಥ ಹೊಳೆಗೆ ಇಲ್ಲಿಯವರು ಎಂತ ಹೇಳ್ತಾರೆ, ಪುಟ್ಟಿ?"

"ಓ."

"ನಾನು ನಿನ್ನ ಕರೆದದ್ದಲ್ಲ. ಹೊಳೆಗೆ ಎಂತ ಹೇಳ್ತಾರೆ?"

"ಅದೇ ಅಜ್ಜಿ. ಓ."

"ಇವಳಿಗೆ ಕನ್ನಡ ಅರ್ಥ ಆಗುವುದಿಲ್ಲವಾ?" ಎಂದು ಅತ್ತೆ ನನ್ನ ಕಡೆ ತಿರುಗಿದರು. ಮಗಳು ತಾಳ್ಮೆಗೆಟ್ಟು ಮಣ್ಣಿನಲ್ಲಿ ಬೆರಳಿಂದ ಬರೆದು ತೋರಿಸಿದಳು. ಒಂದೇ ಅಕ್ಷರ, ತಲೆಯ ಮೇಲೊಂದು ಸೊನ್ನೆ. ಅದರ ಉಚ್ಚಾರ ಓ, ಅದರ ಅರ್ಥ ಹೊಳೆ. "ನಿಮ್ಮೂರಿಂದು ಓ ಅಲ್ಲ, ಅದು ಫ್ಲೂಡ್. ಬೇರೆ ದೇಶದ ಹೊಳೆಗೆಲ್ಲ ಫ್ಲೂಡ್ ಅನ್ನಬೇಕು," ಎಂದು ತಿದ್ದಿದಳು ಕೂಡ.

ಹನ್ನೊಂದು ವರ್ಷದಿಂದ ಆ ಅಕ್ಷರವನ್ನು ಫಲಕಗಳ ಮೇಲೆ ಓದುತ್ತಿದ್ದೇನೆ. ಒಮ್ಮೆಯೂ ಕನ್ನಡದ ಕಿವಿಯಿಂದ ಕೇಳಿರಲಿಲ್ಲ. ಹೊಳೆಗಳ ಕಥೆಗಾರ್ತಿ ಎಂದು ಬೀಗುವ ನನ್ನ ಮೇಲೆ ನನಗೇ ಸಿಟ್ಟು ಬಂತು. ಅತ್ತೆ ಮಣ್ಣಿನ ಮೇಲಿನ ಅಕ್ಷರವನ್ನು ಬಗ್ಗಿ ನೋಡಿದರು. "ಕರೆಯುವ ಮೊದಲೇ ಓಗೊಡುವ ಹೊಳೆಯೂ ಉಂಟಾ?" ಎಂದರು. ಅವರ ಮುಖದಲ್ಲಿ ಆ ದಿನ ಮೊದಲ ಸಲ ನಗುವಿನಂಥದ್ದು ಕಂಡಿತು.

ಅಧ್ಯಾಯವನ್ನು ಮೊದಲಿಂದ ಬರೆಯಲು ನನಗೆ ಎರಡು ವಾರ ಹಿಡಿಯಿತು. ಒಗಟುಗಳನ್ನು ಕಿತ್ತುಹಾಕಿದೆ. ಒಣ ಬಟ್ಟೆಯೂ ಹೋಯಿತು. ಈಗ ತಂಗಿ ವಾಪಸು ಬರುವುದಿಲ್ಲ. ಅಕ್ಕ ಬೆಳೆಯುತ್ತಾಳೆ, ಮದುವೆಯಾಗುತ್ತಾಳೆ, ಊರೂರು ತಿರುಗುತ್ತಾಳೆ, ಎಲ್ಲಿ ನೀರು ಕಂಡರೂ ನಿಂತು ಕರೆಯುತ್ತಾಳೆ. ಒಂದೂ ಉತ್ತರ ಕೊಡುವುದಿಲ್ಲ. ಕೊನೆಗೆ ಬಹಳ ದೂರದ ಒಂದು ಸಣ್ಣ ಹೊಳೆ ಎಂಟು ವರ್ಷದ ದನಿಯಲ್ಲಿ ಓಗೊಡುತ್ತದೆ. ಅಲ್ಲಿಗೆ ಪುಸ್ತಕ ಮುಗಿಯುತ್ತದೆ.

ಶನಿವಾರ ಮತ್ತೆ ಓದಿದೆ. ಈ ಸಲ ಮೇಜಿನ ಮೇಲೆ ಬಟಾಣಿಯ ಬದಲು ಸ್ಟ್ರಾಬೆರಿ ಇತ್ತು. ಗಂಡ ಸಿಂಕಿನ ಬಳಿ ಲೋಟ ತೊಳೆಯುತ್ತಿದ್ದ. ಓದಿ ಮುಗಿಸಿ ಯಾರ ಮುಖವನ್ನೂ ನೋಡುವ ಧೈರ್ಯವಾಗದೆ ಹಾಳೆಗಳನ್ನು ಜೋಡಿಸುತ್ತ ಕೂತೆ.

"ಮೆನ್, ಅವಳು ಬರಲೇ ಇಲ್ಲ," ಎಂದಳು ಮಗಳು. ಒಂದು ಸ್ಟ್ರಾಬೆರಿ ತಿಂದು ಯೋಚಿಸಿದಳು. "ಆದ್ರೆ ಅವಳಿಗೆ ಅಕ್ಕ ಕರೆದಿದ್ದು ಕೇಳಿಸಿದೆ. ಓಕೆ, ಇದು ಮ್ಯಾಜಿಕ್ಕೇ."

ಅತ್ತೆ ಒಂದು ಸ್ಟ್ರಾಬೆರಿಯ ತೊಟ್ಟು ಕಿತ್ತು ಬದಿಗಿಟ್ಟರು. ಆಮೇಲೆ, "ಒಂದು ತಪ್ಪುಂಟು," ಎಂದರು.

ನಾನು ಪೆನ್ಸಿಲ್ ಎತ್ತಿಕೊಂಡೆ.

"ಅಕ್ಕ ಬರೀ ತಂಗೀ, ತಂಗೀ ಅಂತ ಕರೀತಾಳೆ. ಹಾಗೆ ಕರೆದರೆ ಯಾರು ಓ ಅಂತಾರೆ? ಹೊಳೆಯಲ್ಲಿ ಎಷ್ಟು ಜನರ ತಂಗಿಯರು ಇಲ್ಲ ಹೇಳು? ಹೆಸರು ಹಿಡಿದು ಕರೀಬೇಕು."

"ಏನು ಹೆಸರು ಹಾಕಲಿ, ಅತ್ತೆ?"

ಅವರು ಸೆರಗಿಗೆ ಕೈ ಒರೆಸಿಕೊಂಡು ಒಂದು ಹೆಸರು ಹೇಳಿದರು. ಮೂರು ಅಕ್ಷರದ್ದು. ಸಿಂಕಿನ ಬಳಿ ನಲ್ಲಿ ನಿಂತಿತು. ನನ್ನ ಗಂಡ ತನ್ನ ಚಿಕ್ಕಮ್ಮನ ಹೆಸರನ್ನು ನಲವತ್ತಾರನೆಯ ವಯಸ್ಸಿನಲ್ಲಿ ಮೊದಲ ಸಲ ಕೇಳಿದ್ದ. ಅತ್ತೆ ಇನ್ನೊಮ್ಮೆ ಹೇಳಿದರು, ನಾನು ಸರಿಯಾಗಿ ಬರೆದುಕೊಳ್ಳಲೆಂದು.