ಅತ್ತೆಯ ಹೆಸರಿನ ಹುಡುಗಿ

ಹೆಸರಿನ ಅರ್ಥ ಕೇಳುವ ಚಟ ನನಗೆ ಹತ್ತಿದ್ದು ಕಾನ್ವೆಂಟಿನಲ್ಲಿ. ಕೊಪ್ಪದ ಆ ಶಾಲೆಯಲ್ಲಿ ನಮ್ಮ ಬೆಂಚಿಗೆ ಮೂವರು. ಒಬ್ಬಳ ಮನೆಮಾತು ಕೊಂಕಣಿ, ಒಬ್ಬಳದು ಬ್ಯಾರಿ, ನನ್ನದು ಕನ್ನಡ. ಕಿಟಕಿಯ ಪಕ್ಕದ ಜಾಗಕ್ಕಾಗಿ ನಾವು ದಿನಾ ಕಿತ್ತಾಡುತ್ತಿದ್ದೆವು. ಒಂದು ದಿನ ಹಾಜರಿ ತೆಗೆದುಕೊಳ್ಳುತ್ತಿದ್ದ ಕೇರಳದ ಸಿಸ್ಟರ್ ನಮ್ಮ ಮೂವರ ಹೆಸರನ್ನೂ ಒಟ್ಟಿಗೆ ಓದಿ ನಕ್ಕುಬಿಟ್ಟರು. ಒಂದು ಲ್ಯಾಟಿನ್ನಿನದು, ಒಂದು ಅರಬ್ಬಿಯದು, ಒಂದು ಸಂಸ್ಕೃತದ್ದು. ಮೂರಕ್ಕೂ ಅರ್ಥ ಬೆಳಕು! "ಇಷ್ಟು ಬೆಳಕಿದ್ದವರಿಗೆ ಕಿಟಕಿ ಯಾಕೆ?" ಎಂದರು.

ಆಮೇಲೆ ಅವರೇ ಇನ್ನೊಂದು ಹೇಳಿದರು. ಅವರ ಊರಿನ ಉಲಹನ್ನಾನ್, ಕೊಂಕಣಿಯ ಜುವಾಂವ್, ಮುಸಲ್ಮಾನರ ಯಹ್ಯಾ, ಎಲ್ಲವೂ ಮೂಲದಲ್ಲಿ ಒಂದೇ ಹೀಬ್ರೂ ಹೆಸರಂತೆ. ಒಂದು ಹೆಸರು ಸಮುದ್ರ ದಾಟಿ, ನಾಲಗೆಯಿಂದ ನಾಲಗೆಗೆ ಸವೆದು, ಘಾಟಿ ಹತ್ತಿ ಕೊಪ್ಪದ ಸಂತೆಗೆ ಬಂದದ್ದನ್ನು ಯೋಚಿಸುತ್ತಾ ನಾನು ಅಂದು ಮನೆಗೆ ನಡೆದೆ. ಅಲ್ಲಿಂದ ಮುಂದೆ ಬಟ್ಟೆ ಅಂಗಡಿಯವರು, ಚುಚ್ಚುಮದ್ದಿನ ನರ್ಸು, ಯಾರೇ ಸಿಗಲಿ, "ನಿಮ್ಮ ಹೆಸರಿಗೆ ಎಂತ ಅರ್ಥ?" ಎಂದು ಕೇಳದೆ ಬಿಟ್ಟವಳಲ್ಲ.

ಮದುವೆಯಾಗಿ ಬೇಗಾರು ಎಂಬ ಈ ಊರಿಗೆ ಬಂದ ಮೇಲೆ ಈ ಚಟಕ್ಕೆ ಕೆಲಸವಿಲ್ಲದಂತಾಯಿತು. ಇಲ್ಲಿ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ, ಗಂಡ ಹೆಂಡತಿಯದನ್ನು ಹೇಳುವುದಿಲ್ಲ, ಸೊಸೆಯಂತೂ ಅತ್ತೆಯ ಹೆಸರನ್ನು ತುಟಿಗೇ ತರಬಾರದು. ನನ್ನ ಅತ್ತೆಯದು ದೇವಿಯ ಹೆಸರು. ಸಂಜೆ ಅಷ್ಟೋತ್ತರ ಹೇಳುವಾಗ ಆ ಹೆಸರು ಬಂದರೆ ನಾನು ಅಷ್ಟು ಜಾಗವನ್ನು ಗುನುಗಿ ದಾಟಿಸುತ್ತೇನೆ. ಈಗ ಬರೆಯುವಾಗಲೂ ಕೈ ಹಿಂಜರಿಯುತ್ತದೆ, ಆದ್ದರಿಂದ ಬರೆಯುವುದಿಲ್ಲ.

ಇನ್ನೊಂದು ಪದ್ಧತಿಯೂ ಈ ಮನೆಯಲ್ಲಿದೆ. ಹೊಸ ಸೊಸೆ ಮನೆ ತುಂಬಿದ ದಿನ ಹರಿವಾಣದಲ್ಲಿ ಅಕ್ಕಿ ಹರಡಿ, ಮದುಮಗ ಉಂಗುರದಿಂದ ಅವಳ ಹೊಸ ಹೆಸರು ಬರೆಯಬೇಕು. ನನಗೂ ಒಂದು ಹೆಸರು ಬರೆದಿದ್ದರು. ಊಟಕ್ಕೆ ಎಲೆ ಹಾಕುವ ಹೊತ್ತಿಗೆ ಎಲ್ಲರಿಗೂ ಅದು ಮರೆತುಹೋಗಿತ್ತು, ನನಗೂ.

ಕೊಪ್ಪದಲ್ಲಿ ಪಂಪು, ಮೋಟಾರು ರಿಪೇರಿ ಅಂಗಡಿ ಇಟ್ಟಿರುವ ನನ್ನ ಮಗನಿಗೆ ಹೋದ ವರ್ಷ ಹುಡುಗಿ ಗೊತ್ತಾಯಿತು. ನರಸಿಂಹರಾಜಪುರದ ಕಡೆಯವಳು, ಹೈಸ್ಕೂಲಿನಲ್ಲಿ ಗಣಿತ ಕಲಿಸುತ್ತಾಳೆ. ಜಾತಕ ಕೂಡಿತು, ಮಾತುಕತೆ ಮುಗಿಯಿತು, ಉಪಚಾರವೂ ಆಯಿತು. ಆದರೆ ಅವಳ ಹೆಸರು ಅತ್ತೆಯ ಹೆಸರೇ. ಮನೆಯವರಿಗೆಲ್ಲ ಮೊದಲ ದಿನವೇ ಗೊತ್ತಾಗಿತ್ತು. ಯಾರೂ ಬಾಯಿ ಬಿಡಲಿಲ್ಲ. ಬಿಡಬೇಕಾದರೆ ಆ ಹೆಸರನ್ನೇ ಹೇಳಬೇಕಲ್ಲ! ಹೀಗೆ ಒಬ್ಬರಿಗೊಬ್ಬರು ಕಾಯುತ್ತಾ ಕೂತು ನಿಶ್ಚಿತಾರ್ಥವನ್ನೂ ದಾಟಿದೆವು.

ಕೊನೆಗೆ ಲಗ್ನಪತ್ರಿಕೆಯ ಮಾದರಿ ಪ್ರೆಸ್ಸಿನಿಂದ ಮಗನ ಮೊಬೈಲಿಗೆ ಬಂತು. ಅಂದು ಭಾನುವಾರ, ಹುಡುಗಿಯೂ ಬಂದಿದ್ದಳು. ಕಿಗ್ಗದಿಂದ ನನ್ನ ಯಜಮಾನರ ಅಕ್ಕ, ಅಂದರೆ ನನ್ನ ಅತ್ತಿಗೆ, ಮದುವೆ ಕೆಲಸಕ್ಕೆಂದು ಬಂದಿದ್ದರು. ಜಗಲಿಯಲ್ಲಿ ಅತ್ತೆ ಹೂಬತ್ತಿ ಹೊಸೆಯುತ್ತಿದ್ದರು. ಮೊಬೈಲನ್ನು ದೂರ ಹಿಡಿದು ಓದಿದ ಅತ್ತಿಗೆ ಕನ್ನಡಕ ತೆಗೆದರು.

"ಹೊಸ ಹೆಸರು ಎಂತ ಅಂತ ಯೋಚನೆ ಮಾಡಿದ್ರಾ? ಪತ್ರಿಕೆಯಲ್ಲೇ ಹಾಕ್ಸಿಬಿಡುವ."

"ಹೊಸದು ಬೇಡ ದೊಡ್ಡತ್ತೆ. ಇರೋದೇ ಇರ್ಲಿ" ಎಂದ ಮಗ.

"ಇರೋದೇ ಇರ್ಲಿ ಅಂದ್ರೆ? ನಾಳೆ ನೀನು ಅಡುಗೆಮನೆ ಕಡೆ ಮುಖ ಮಾಡಿ, ಏ ಅಂತ ಹೆಸರು ಹಿಡಿದು ಕೂಗ್ತೀಯ. ಯಾರಿಗೆ ಕೂಗಿದ್ದು? ನಿನ್ನ ಅಜ್ಜಿಗಾ?"

"ಅಜ್ಜಿಗೆ ಕಿವಿ ಕೇಳೂದಿಲ್ಲ, ಬಿಡಿ."

"ನಂಗೆ ಕೇಳ್ತದೆ ಮಾರಾಯ" ಎಂದರು ಅತ್ತೆ, ಬತ್ತಿಯಿಂದ ಕಣ್ಣೆತ್ತದೆ.

ಹುಡುಗಿ ನಕ್ಕಳು, ಆದರೆ ಅವಳ ಕೈ ಸೆರಗಿನ ತುದಿಯನ್ನು ಸುತ್ತುತ್ತಲೇ ಇತ್ತು. ಹೇಳಬೇಕಾದ್ದನ್ನು ನನ್ನ ಕಡೆ ನೋಡಿ ಮೆಲ್ಲಗೆ ಹೇಳಿದಳು. "ತಪ್ಪು ತಿಳ್ಕೋಬೇಡಿ ಅತ್ತೆ. ಸೀರೆ, ಅಡುಗೆ, ಮಡಿ, ಎಂತ ಬೇಕಾದ್ರೂ ನಿಮ್ಮ ಮನೆ ಥರ ಮಾಡ್ತೇನೆ. ಹೆಸರು ಮಾತ್ರ ಬಿಡೂಕೆ ಆಗೂದಿಲ್ಲ. ಅದಿಲ್ಲದೆ ಬರ್ಬೇಕು ಅಂದ್ರೆ ನಾನು ಇನ್ನೊಂದು ಸಲ ಯೋಚನೆ ಮಾಡ್ಬೇಕಾಗ್ತದೆ."

ಮಗ ತಲೆಯೆತ್ತಿ ಅವಳನ್ನೇ ನೋಡಿದ. ಈ ಮಾತು ಅವನೂ ಮೊದಲು ಕೇಳಿದ್ದಲ್ಲ ಎಂದು ಅವನ ಮುಖ ಹೇಳುತ್ತಿತ್ತು. ಅತ್ತಿಗೆ ನನ್ನ ಕಡೆ ತಿರುಗಿದರು. "ನೀನಾದ್ರೂ ಹೇಳೇ ಮಾರಾಯ್ತಿ, ಕಾನ್ವೆಂಟಲ್ಲಿ ಓದ್ದೋಳು."

ನಾನು ಎದ್ದು ಲೋಟಗಳನ್ನು ಒಟ್ಟುಮಾಡತೊಡಗಿದೆ.

ಆಗ ಅತ್ತೆ ಹೊಸೆದ ಬತ್ತಿಗಳನ್ನು ಮಡಿಲಿನಿಂದ ಬುಟ್ಟಿಗೆ ಹಾಕಿ, ಅಂಗೈಗೆ ಅಂಟಿದ್ದ ಹತ್ತಿಯನ್ನು ಉಜ್ಜಿಕೊಂಡರು. "ಅದು ನನ್ನ ಹೆಸರಲ್ಲ. ಆ ಕೂಸಿಗೆ ಕೊಟ್ಟುಬಿಡಿ" ಎಂದರು.

ಯಾರಿಗೂ ಅರ್ಥವಾಗಲಿಲ್ಲ.

"ಅಕ್ಕಿ ಮೇಲೆ ಬರ್ದ ಹೆಸರು ಅದು. ನನ್ನ ಅತ್ತೆ ಹೇಳಿದ್ರು, ಹೂವಿನ ಹೆಸರು ಈ ಮನೆಗೆ ಬೇಡ, ದೇವಿ ಹೆಸರಿಡುವ, ಕರೆದಷ್ಟೂ ಪುಣ್ಯ ಬರ್ತದೆ ಅಂತ. ಆಮೇಲೆ ಯಾರು ಕರೆದ್ರು? ಇವ್ರು ಹೆಂಡ್ತಿ ಹೆಸರು ಹೇಳೋರಲ್ಲ. ಸೊಸೆ ಹೇಳೋ ಹಂಗಿಲ್ಲ. ಮಕ್ಕಳಿಗೆ ಅಮ್ಮ. ಪುಣ್ಯ ಹಾಗೇ ಉಳ್ಕೊಂಡಿದೆ, ಒಂದು ಚೂರೂ ಖರ್ಚಾಗ್ಲಿಲ್ಲ."

"ಮತ್ತೆ ನಿಮ್ಮ ಹೆಸರು?" ಕೇಳಿದ್ದು ನಾನೇ. ಹಳೆಯ ಚಟ.

ಅತ್ತೆ ಬುಟ್ಟಿಯನ್ನು ಪಕ್ಕಕ್ಕೆ ಸರಿಸಿದರು. ಎಂಬತ್ತು ದಾಟಿದ ಆ ಮುಖದಲ್ಲಿ ನಾಚಿಕೆಯಂಥದ್ದು ಏನೋ ಬಂತು. "ಗುಲಾಬಿ."

ಮಗ ಜೋರಾಗಿ ನಕ್ಕ. ಹುಡುಗಿ ನಗಲಿಲ್ಲ, ಅತ್ತೆಯ ಹತ್ತಿರ ಸರಿದು ಕೂತಳು. ನಾನು ತಡೆಯಲಾರದೆ ಮೊಬೈಲಿನಲ್ಲಿ ಹುಡುಕಿದೆ. ನಮ್ಮ ಅಂಗಳದ ಹೂ ಎಂದುಕೊಂಡಿದ್ದ ಆ ಮಾತು ಪಾರಸಿಯದು. ಗುಲ್ ಎಂದರೆ ಹೂ, ಆಬ್ ಎಂದರೆ ನೀರು. ಪನ್ನೀರಿಗೆ ಇಟ್ಟ ಹೆಸರು ನಮ್ಮಲ್ಲಿಗೆ ಬಂದು ಹೂವಿನ ಹೆಸರಾಯಿತು, ಹೂವಿನಿಂದ ಹೆಣ್ಣುಮಗುವಿಗೆ.

"ಪಾರಸಿಯಾ? ಅಷ್ಟು ದೂರದಿಂದ ನಮ್ಮ ಕಡಹಿನಬೈಲಿಗೆ ಹೆಂಗೆ ಬಂತೇ ಅದು? ಆಗ ಬಸ್ಸೇ ಇರ್ಲಿಲ್ಲ" ಎಂದರು ಅತ್ತೆ. ಅವರ ತವರು ಕಡಹಿನಬೈಲು. ಅವರ ಅಜ್ಜಯ್ಯ ಪೇಟೆಯಲ್ಲಿ ಎಲ್ಲೋ ಆ ಗಿಡ ನೋಡಿ ಬಂದ ವಾರ ಇವರು ಹುಟ್ಟಿದ್ದಂತೆ.

"ಹಾಗಾದ್ರೆ ಆಧಾರ್ ಕಾರ್ಡಲ್ಲೂ ತಿದ್ದಿಸ್ತೀಯಾ?" ಅತ್ತಿಗೆಯ ದನಿಯಲ್ಲಿ ಇನ್ನೂ ಸೋಲದ ಹಟವಿತ್ತು.

"ಸರ್ಕಾರಕ್ಕೆ ಅದೇ ಇರ್ಲಿ. ಮನೆಗೆ ಇದು."

ಅಲ್ಲಿಗೆ ಪತ್ರಿಕೆ ಇದ್ದ ಹಾಗೇ ಅಚ್ಚಿಗೆ ಹೋಯಿತು. ಹುಡುಗಿಯನ್ನು ಬಸ್ಸಿಗೆ ಬಿಡಲು ಮಗ ಬೈಕು ತೆಗೆದ. ಹೊರಡುವ ಮುಂಚೆ ಅವಳು ಅತ್ತೆಯ ಕಾಲು ಮುಟ್ಟಿದಾಗ ಅತ್ತೆ ಅವಳನ್ನು ಹೆಸರು ಹಿಡಿದು ಕರೆದು ಹರಸಿದರು. ಆ ಹೆಸರನ್ನು ಅವರ ಬಾಯಲ್ಲಿ ನಾನು ಕೇಳಿದ್ದು ಅದೇ ಮೊದಲು. ಬೇರೆಯವರ ಹೆಸರನ್ನು ಹೇಳುವಂತೆ ಎಷ್ಟು ಸಲೀಸಾಗಿ ಹೇಳಿದರು!

ಅವರಿಬ್ಬರೂ ಹೋದ ಮೇಲೆ ನಾನು ಲೋಟ ತೊಳೆದು ಹೊರಗೆ ಬಂದೆ. ಅತ್ತಿಗೆ ಅಮ್ಮನ ಎದುರು ಕೂತು, ಬುಟ್ಟಿಯಿಂದ ಹತ್ತಿ ಎಳೆದು ತಾವೂ ಬತ್ತಿ ಹೊಸೆಯುತ್ತಿದ್ದರು. ಮೊಮ್ಮಕ್ಕಳನ್ನು ಕಂಡ ಹೆಂಗಸಿಗೆ ತಾಯಿಯ ಹೆಸರು ಅವತ್ತಷ್ಟೇ ಗೊತ್ತಾಗಿತ್ತು.

"ಯಾರ್ಯಾರು ಕರೀತಿದ್ರು ಅಮ್ಮ, ಹಾಗೆ?"

"ಎಲ್ಲಾರೂ. ಅಪ್ಪಯ್ಯ, ಅಬ್ಬೆ, ಕೆಲಸಕ್ಕೆ ಬರೋರು. ಗದ್ದೆ ಆಚೆಯಿಂದ ಕೂಗಿದ್ರೆ ದನಗಳೂ ತಿರುಗಿ ನೋಡ್ತಿದ್ದೊ."

"ನಂಗೆ ಎಂತಕ್ಕೆ ಹೇಳ್ಲಿಲ್ಲ?"

"ನೀನು ಕೇಳ್ಲಿಲ್ಲ."

ಅತ್ತಿಗೆ ಹೊಸೆದ ಬತ್ತಿ ದಪ್ಪಗಾಗಿತ್ತು. ಅತ್ತೆ ಅದನ್ನು ತೆಗೆದುಕೊಂಡು ಬಿಚ್ಚಿ, ಮತ್ತೆ ತೆಳ್ಳಗೆ ಹೊಸೆದರು.