ಗಿರಿಜಾ ಟೀಚರ ಗೋಣಿ ಚಿತ್ರಗಳು

ಗಿರಿಜಾ ಟೀಚರು ಉಟ್ಟ ಸೀರೆಯಲ್ಲಿ ಅಂಗಡಿಯವನು ಕೊಟ್ಟದ್ದಕ್ಕಿಂತ ಎರಡು ಬಣ್ಣ ಹೆಚ್ಚೇ ಇರುತ್ತಿದ್ದವು. ಸೋಮವಾರಪೇಟೆ ಕಡೆಯವರು. ಡ್ರಾಯಿಂಗ್ ಟೀಚರಾಗಿ ನಿವೃತ್ತರಾದ ಮೇಲೆ ಹುದಿಕೇರಿಯಲ್ಲಿ, ನಾನು ಲೆಕ್ಕ ಬರೆಯುವ ರೈಟರಾಗಿದ್ದ ಕಾಫಿ ಎಸ್ಟೇಟಿನ ಬೇಲಿಯಾಚೆಯ ಮನೆಯಲ್ಲಿದ್ದರು. ಹಳೆಯ ಕಾಫಿ ಚೀಲ ಬಿಚ್ಚಿ ಅದರ ಮೇಲೇ ಚಿತ್ರ ಬರೆಯುತ್ತಿದ್ದರು. "ಗೋಣಿಗೆ ಬಣ್ಣ ಹತ್ತಿಸೋಕೆ ತಾಳ್ಮೆ ಬೇಕು ರೈಟ್ರೇ, ನಿಮ್ಮಂಥವ್ರಿಗೆ ಬುದ್ಧಿ ಹೇಳ್ದಂಗೆ" ಎನ್ನುತ್ತಿದ್ದರು.

ನಮ್ಮ ಸಾಹುಕಾರರು ಕಾಫಿ ಒಣಗಿಸುವ ಕಣಕ್ಕೆ ಕ್ಯಾಮೆರಾ ಹಾಕಿಸಿದರು. ಅದರಲ್ಲಿ ಕಂಡದ್ದೆಲ್ಲ ಅವರ ಫೋನಿಗೂ ನನ್ನ ಫೋನಿಗೂ ಬರುತ್ತಿತ್ತು. ಟೀಚರ ಹಿತ್ತಲೂ ಅದರಲ್ಲಿ ಕಾಣುತ್ತಿತ್ತು. ನಾನು ಅದಕ್ಕೆ ತಲೆ ಕೆಡಿಸಿಕೊಂಡಿರಲಿಲ್ಲ. ಒಂದು ದಿನ ಸಂತೆಯಲ್ಲಿ ನಿಂತು ಫೋನ್ ನೋಡಿದರೆ, ಟೀಚರು ಒಣಹಾಕಿದ ಸಂಡಿಗೆಗೆ ಕೋಳಿ ಬಾಯಿ ಹಾಕಿದೆ! ಉಪಕಾರ ಮಾಡುವ ಉತ್ಸಾಹದಲ್ಲಿ ಕೂಡಲೇ ಫೋನ್ ಮಾಡಿ ಹೇಳಿದೆ.

ಕೋಳಿ ಓಡಿಸಿ ಬಂದು ಕೇಳಿದರು, "ನೀವೆಲ್ಲಿದ್ದೀರಿ?"

"ಗೋಣಿಕೊಪ್ಪದ ಸಂತೇಲಿ."

"ಅಲ್ಲಿಗೆ ನಮ್ಮ ಹಿತ್ಲು ಹೆಂಗ್ ಕಾಣುತ್ತೆ?"

ಸಾಹುಕಾರರ ಕ್ಯಾಮೆರಾದ ವಿಷಯ ಹೇಳಿದೆ. ಅವರ ದನಿ ಸಣ್ಣಗಾಯಿತು. "ಯಾರಾದ್ರೂ ಬಂದ್ರೆ ಹೆಜ್ಜೆ ಸದ್ದಾದ್ರೂ ಕೇಳುತ್ತೆ, ಸೆರಗು ಸರಿ ಮಾಡ್ಕೋಬೋದು. ಇನ್ಮೇಲೆ ತಲೆ ಒಣಗಿಸ್ಕೊಳೋಕೂ ಹೆದರ್ಬೇಕಾ ರೈಟ್ರೇ?"

ನಿಜವಾಗಿ ನಾಚಿಕೆಯಾಯಿತು. ಕ್ಯಾಮೆರಾ ತಿರುಗಿಸೋಣವೆಂದರೆ ಸಾಹುಕಾರರು ಕೇಳಲಿಲ್ಲ. "ಕಾಣ್ಲಿ ಬಿಡಿ, ಅಲ್ಲಿ ಮುಚ್ಚಿಡ್ಲಿಕ್ಕೆ ಏನುಂಟು?" ಎಂದರು.

ಮರುದಿನ ಟೀಚರ ಬಟ್ಟೆ ಹಗ್ಗದ ಮೇಲೆ, ಕ್ಯಾಮೆರಾಕ್ಕೆ ಎದುರಾಗಿ, ಒಂದು ಗೋಣಿ ಚಿತ್ರ: ಫೋನಿಗೆ ಮೂಗು ತಾಗಿಸಿ ಕೂತ ನಾನು! ಅದರ ಮರುದಿನ ಸಾಹುಕಾರರು: ಬನಿಯನ್ ತೊಟ್ಟು, ಕನ್ನಡಿ ಮುಂದೆ ನಿಂತು ಮೀಸೆಗೆ ಕಪ್ಪು ಹಚ್ಚಿಕೊಳ್ಳುತ್ತಿದ್ದಾರೆ. ಕಣದ ಹೆಂಗಸರೆಲ್ಲ ಕಾಫಿ ಹರಡುವುದನ್ನು ಬಿಟ್ಟು ಬೇಲಿಗೆ ಬಂದು ಹೊಟ್ಟೆ ಹಿಡಿದುಕೊಂಡು ನಕ್ಕರು. ಸಾಹುಕಾರರ ಜೀಪು ಬಂತು.

"ಟೀಚರೇ, ನಮ್ಮ ಮನೆ ಒಳಗಿನ ವಿಷಯ ನಿಮಗೆ ಯಾರು ಹೇಳಿದ್ದು?"

"ಯಾರೂ ಹೇಳ್ಲಿಲ್ಲ, ಅಂದಾಜಿನ ಮೇಲೆ ಬರ್ದೆ. ಸರಿಯಾಗಿದ್ಯಾ?"

ಸಾಹುಕಾರರು ಒಂದು ಕ್ಷಣ ಕೆಂಪಾದರು. ಆಮೇಲೆ ಎಲ್ಲರಿಗಿಂತ ಜೋರಾಗಿ ಅವರೇ ನಕ್ಕರು. ಸಂಜೆಯೊಳಗೆ ಕ್ಯಾಮೆರಾ ಕಣದ ಕಡೆಗಷ್ಟೇ ತಿರುಗಿತು.

ಟೀಚರು ಹೋದ ವರ್ಷ ತೀರಿಕೊಂಡರು. ಅದಕ್ಕೆ ಸ್ವಲ್ಪ ದಿನ ಮೊದಲು ನನ್ನನ್ನು ಕರೆದು ಹೇಳಿದರು, "ಅವತ್ತು ನಿಮ್ಮನ್ನ ಕೇಳ್ದೇ ಬರ್ದೆ ರೈಟ್ರೇ. ನಾನು ಮಾಡಿದ್ದೂ ಅದೇ ತಪ್ಪು. ಇವತ್ತು ಕೇಳ್ತಿದೀನಿ, ಬರೀಲಾ?"

ನಾನು ತಲೆ ಬಾಚಿಕೊಂಡು, ಅಂಗಿಯ ಗುಂಡಿ ಹಾಕಿಕೊಂಡು ಕುರ್ಚಿಯಲ್ಲಿ ಕೂತೆ. ಅದುವರೆಗೆ ಯಾರೂ ನನ್ನನ್ನು ಹಾಗೆ ಅಪ್ಪಣೆ ಕೇಳಿ ನೋಡಿರಲಿಲ್ಲ.