ಕೈಗವಸು ಹಾಕಿದ ಮೇಲೆ ಸತ್ತ ಬಾನಿ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಬಣ್ಣದಂಗಳದ ಮೂಲೆಯಲ್ಲಿ, ಕತ್ತಿನವರೆಗೆ ನೆಲದಲ್ಲಿ ಹೂತ ದೊಡ್ಡ ಮಣ್ಣಿನ ಬಾನಿಯ ಪಕ್ಕ ಅದನ್ನು ನೋಡಿಕೊಳ್ಳುವ ಹೆಂಗಸು ಮಂಡಿಯೂರಿ ಕೂತಿದ್ದಾರೆ. ಗೋಣಿಚೀಲ ಸರಿಸಿ, ಮರದ ಮುಚ್ಚಳ ಎತ್ತಿ, ಮೊಣಕೈ ಮುಳುಗುವವರೆಗೆ ತೋಳನ್ನು ಒಳಗೆ ಇಳಿಸುತ್ತಾರೆ. ಹೊರಗೆ ತೆಗೆದು ಎರಡು ಬೆರಳು ಒಂದಕ್ಕೊಂದು ತಿಕ್ಕಿ ನೋಡುತ್ತಾರೆ. ಮೂಗಿನ ಹತ್ತಿರ ತರುತ್ತಾರೆ. ಒಂದು ಹನಿ ನಾಲಿಗೆಗೆ ಮುಟ್ಟಿಸಿ ಪಕ್ಕಕ್ಕೆ ಉಗಿಯುತ್ತಾರೆ.

"ಇನ್ನೂ ಮಾತಾಡ್ತಿಲ್ಲ," ಅನ್ನುತ್ತಾರೆ. ಹೇಳಿದ್ದು ನನಗೋ ಬಾನಿಗೋ ಗೊತ್ತಾಗುವುದಿಲ್ಲ.

ಇವತ್ತು ಗಾರೆ ಕೆಲಸದವನು ಬರುತ್ತಾನೆ. ಅವನು ಬರುವುದರೊಳಗೆ ಈ ನೀರಿನ ಮೇಲೆ ನೊರೆ ಏಳಬೇಕು. ಎದ್ದರೆ ಬಾನಿಗೆ ಜೀವ ಬಂದಿದೆ ಎಂದು ಅರ್ಥ, ಉಳಿಸಿಕೊಡಿ ಎಂದು ಕೇಳಲು ಬಾಯಿರುತ್ತದೆ. ಏಳದಿದ್ದರೆ ಅಂಗಡಿಯವರು ಬಾನಿಯನ್ನು ಬರಿದು ಮಾಡಿ, ತೊಳೆದು, ಬಾಯಿಗೆ ಗಾಜು ಕೂರಿಸುತ್ತಾರೆ. ಒಳಗೆ ಒಂದು ನೀಲಿ ದೀಪ ಇಡುತ್ತಾರಂತೆ, ಬಂದ ಗಿರಾಕಿಗಳು ಬಗ್ಗಿ ನೋಡಲಿ ಎಂದು. ಅವರ ಅತ್ತೆಯ ಕಾಲದಿಂದ ಒಂದು ದಿನವೂ ಬರಿದಾಗದ ಬಾನಿ ಇದು.

ಈ ಅಂಗಳದಲ್ಲಿ ನೀಲಿ ಅನ್ನುವ ಒಂದೇ ಮಾತಿನಲ್ಲಿ ದಿನ ಕಳೆಯುತ್ತದೆ. ಹೊಲದಲ್ಲಿ ಸೊಂಟದೆತ್ತರ ಬೆಳೆಯುವ ಗಿಡ ನೀಲಿ, ನೋಡಿದರೆ ಅಪ್ಪಟ ಹಸಿರು. ಅದರ ಎಲೆಯನ್ನು ಕೊಳೆಹಾಕಿ, ಆ ನೀರನ್ನು ಬಡಿದು, ತಳಕ್ಕಿಳಿದ ಗಸಿಯನ್ನು ಒಣಗಿಸಿದರೆ ಸಿಗುವ ಗಟ್ಟಿ ಬಿಲ್ಲೆಯೂ ನೀಲಿ. "ನೀಲಿ ಬಂತಾ?" ಅಂದರೆ ಬಿಲ್ಲೆಯ ಮೂಟೆ ಬಂತಾ ಎಂದು. "ನೀಲಿ ಎದ್ದಿದೆಯಾ?" ಅಂದರೆ ಬಾನಿ ಹದಕ್ಕೆ ಬಂದಿದೆಯಾ ಎಂದು. "ನೀಲಿ ಕೂತಿದೆ" ಅಂದರೆ ನೂಲು ಬಣ್ಣ ಹಿಡಿದಿದೆ. ಎದುರಿನ ಇಸ್ತ್ರಿ ಅಂಗಡಿಯಲ್ಲಿ ಅದೇ ನೀಲಿ ಬಿಳಿ ಅಂಗಿಯನ್ನು ಇನ್ನಷ್ಟು ಬೆಳ್ಳಗೆ ಕಾಣಿಸುವ ಪುಡಿ. ನರೆಗೂದಲಿಗೆ ಹಚ್ಚುವ ಸೊಪ್ಪೂ ಅದೇ. ಪೆಟ್ಟು ಬಿದ್ದ ಮೈ ನೀಲಿಗಟ್ಟುತ್ತದೆ. ಬಸ್ ನಿಲ್ದಾಣದ ಪಡ್ಡೆಗಳ ಬಾಯಲ್ಲಿ ಆ ಮಾತಿಗೆ ಇನ್ನೊಂದು ಅರ್ಥವಿದೆ, ಅದು ಇಲ್ಲಿ ಬೇಡ. ಬಾನಿ ನೋಡಿಕೊಳ್ಳುವ ಇವರು ಎಲ್ಲರಿಗೂ ನೀಲಕ್ಕ. ತಾಯ್ತಂದೆ ಇಟ್ಟ ಹೆಸರು ಕೇಳಿದರೆ ಗಂಡನೇ ತಲೆ ಕೆರೆದುಕೊಳ್ಳಬೇಕು.

ಗಂಡ ಬಸ್ ಡಿಪೊದಲ್ಲಿ ಟೈರು ಬಿಚ್ಚುತ್ತಾರೆ. "ಅವರ ಕೈ ಕಪ್ಪು, ನನ್ನ ಕೈ ನೀಲಿ. ನಮ್ಮನೇಲಿ ಹಿಟ್ಟು ಮಾತ್ರ ಬೆಳ್ಳಗೆ," ಎಂದು ನೀಲಕ್ಕ ನಗುತ್ತಾರೆ. ಮದುವೆಯಾಗಿ ಬಂದ ಹೊಸದರಲ್ಲಿ ಅತ್ತೆ ಸೊಸೆಗೆ ಒಲೆ ತೋರಿಸುವುದಕ್ಕೆ ಮೊದಲು ಬಾನಿ ತೋರಿಸಿದರಂತೆ. ಮುಂಜಾನೆ ಅದಕ್ಕೆ ಬೂಸಾ ಉಣಿಸಬೇಕು, ಹದ ನೋಡಿ ಸುಣ್ಣ ಕೊಡಬೇಕು, ಚಳಿಯಾದರೆ ಗೋಣಿ ಹೊದಿಸಬೇಕು. ಬಿಲ್ಲೆಯನ್ನು ಬರೀ ನೀರಿಗೆ ಹಾಕಿದರೆ ಕರಗುವುದಿಲ್ಲ. ಬಾನಿ ಹುಳಿಬಂದು ಒಳಗೆ ಜೀವಾಡಿದಾಗಲೇ ಅದು ಕರಗಿ ನೂಲಿಗೆ ಇಳಿಯುತ್ತದೆ. ಮೊಸರಿಗೆ ಹೆಪ್ಪು ಹೇಗೋ ಹಾಗೆ. ಸುಣ್ಣ ಕಡಿಮೆಯಾದರೆ ಕೊಳೆತು ನಾರುತ್ತದೆ, ಜಾಸ್ತಿಯಾದರೆ ಸುಮ್ಮನಾಗಿಬಿಡುತ್ತದೆ.

ಅವರ ಮಂಡಿಗಳು ಗೋಣಿಯ ಹಾಗೆ ದಡ್ಡುಗಟ್ಟಿವೆ. ಸುಣ್ಣಕ್ಕೆ ಬೆರಳ ಸಂದು ಬಿರಿದು, ಚಳಿಗಾಲದಲ್ಲಿ ಸೆರಗಿನ ನೂಲು ಆ ಬಿರುಕಿಗೆ ಸಿಕ್ಕಿಕೊಳ್ಳುತ್ತದೆ. ಬಸ್ಸಿನಲ್ಲಿ ಮೈಗಂಟಿದ ಬಾನಿಯ ವಾಸನೆಗೆ ಪಕ್ಕದವರು ಮೂಗು ಮುಚ್ಚಿಕೊಂಡು ಎದ್ದು ಹೋಗುತ್ತಾರೆ. ಅದಕ್ಕೂ ಅವರು ಬೇಜಾರು ಮಾಡಿಕೊಂಡಿಲ್ಲ. ಎರಡು ಸೀಟು ಸಿಕ್ಕಿತಲ್ಲ ಎಂದು ಕಾಲು ಚಾಚಿ ಕೂರುತ್ತಾರಂತೆ.

ಬೇಜಾರು ಶುರುವಾಗಿದ್ದು ಅಂಗಳದ ಒಡೆಯರು ರಸ್ತೆ ಬದಿಗೆ ಅಂಗಡಿ ಎಬ್ಬಿಸಿ, ನೀಲಕ್ಕನನ್ನು ಸಂಬಳಕ್ಕೆ ಇಟ್ಟುಕೊಂಡ ಮೇಲೆ. ಗಾಜಿನ ಬಾಗಿಲು, ತಂಪು ಗಾಳಿ, ಮರದ ಗೂಡುಗಳಲ್ಲಿ ಮಡಿಸಿಟ್ಟ ಬಟ್ಟೆ. ಅಲ್ಲಿ ನೀಲಿ ಅಂದರೆ ಬೆಲೆಚೀಟಿಯ ಮೇಲೆ ಅಚ್ಚು ಹಾಕಿದ ದುಬಾರಿ ಮಾತು. ಅದರ ಕೆಳಗೆ 'ಕೈಯಿಂದಲೇ ಮಾಡಿದ್ದು' ಎಂದು ಇನ್ನೊಂದು ಸಾಲು. ಗೋಡೆಯ ಮೇಲೆ ಆಳೆತ್ತರದ ಚಿತ್ರ, ಬಣ್ಣ ಮೆತ್ತಿದ ಎರಡು ಕೈಗಳದ್ದು. ಉಗುರು ಚೆಂದಕ್ಕೆ ತಿದ್ದಿದ, ಒಂದೂ ಬಿರುಕಿಲ್ಲದ ಕೈಗಳು. ಯಾರವೋ ಏನೋ, ಈ ಅಂಗಳದವರವಂತೂ ಅಲ್ಲ.

ಈ ಅಂಗಳದವರ ಕೈಗೆ ಆ ಬಾಗಿಲು ಮುಟ್ಟುವ ಹಾಗಿಲ್ಲ. ಒಮ್ಮೆ ನೀಲಕ್ಕ ತಾವೇ ಅದ್ದಿದ ಹೊದಿಕೆಯೊಂದನ್ನು ಗೂಡಿನಲ್ಲಿ ಸರಿಯಾಗಿ ಮಡಿಸಲು ಹೋದಾಗ ಮ್ಯಾನೇಜರ್ ಓಡಿಬಂದರಂತೆ. ನಿಮ್ಮ ಕೈ ನೋಡಿದರೆ ಗಿರಾಕಿಗಳು ಬಟ್ಟೆ ಬಣ್ಣ ಬಿಡುತ್ತದೆ ಅಂದುಕೊಳ್ಳುತ್ತಾರೆ, ದಯವಿಟ್ಟು ಹಿಂದೆ ಹೋಗಿ ಎಂದರಂತೆ. ಮಾತು ಮೆತ್ತಗೇ ಇತ್ತು, ಬೈಯಲಿಲ್ಲ. ಮೆತ್ತಗೆ ಹೇಳಿದ ಮಾತು ಯಾಕೆ ಇಷ್ಟು ದಿನ ಚುಚ್ಚುತ್ತದೆ ಎಂದು ನೀಲಕ್ಕ ನನ್ನನ್ನೇ ಕೇಳುತ್ತಾರೆ.

ಆಮೇಲೆ ಅಂಗಡಿಯ ಹಿಂದಿನ ಗೋಡೆಗೆ ಕಿಟಕಿ ಒಡೆದರು, ಗಿರಾಕಿಗಳು ನಿಂತು ಕೆಲಸ ನೋಡಲಿ ಎಂದು. ನೋಡುವವರು ಬಂದ ಮೇಲೆ ನೋಟ ಚೆನ್ನಾಗಿರಬೇಕಲ್ಲ. ಮೊದಲು ರಬ್ಬರಿನ ಕೈಗವಸು ಬಂತು, ಭುಜದವರೆಗೆ ಏರುವಂಥದ್ದು. ನಂತರ, ಗಿರಾಕಿಗಳ ಎದುರು ನಾಲಿಗೆ ಚಾಚುವುದು, ಉಗಿಯುವುದು ಬೇಡ ಎಂಬ ಮಾತು ಬಂತು. ಕೊನೆಗೆ ಕಿಟಕಿಯ ಕೆಳಗೆ ಒಂದು ಡಬ್ಬಿ ನೇತುಹಾಕಿದರು. ಅದು ಗಳಿಗೆಗೊಮ್ಮೆ ಪುಸ್ ಎಂದು ಮಲ್ಲಿಗೆ ವಾಸನೆ ಉಗುಳುತ್ತದೆ. ಅದು ಉಗಿಯಬಹುದು, ಅದಕ್ಕೆ ಅಡ್ಡಿಯಿಲ್ಲ.

ಬಾನಿಯ ಹದ ತಿಳಿಯುವುದು ಮೂರರಿಂದ. ಬೆರಳಿಗೆ ಅದರ ಜಾರು, ಮೂಗಿಗೆ ಅದರ ಘಾಟು, ನಾಲಿಗೆಗೆ ಸುಣ್ಣದ ಚುರುಕು. ಮೂರಕ್ಕೂ ಬೀಗ ಬಿತ್ತು. ನೀಲಕ್ಕ ಗವಸಿನೊಳಗಿನ ಬೆರಳು ತಿಕ್ಕಿದರೆ ರಬ್ಬರೇ ಜಾರುತ್ತದೆ, ಮೂಸಿದರೆ ಮಲ್ಲಿಗೆ. ಒಂದು ಬೆಳಿಗ್ಗೆ ಬಾನಿಯಿಂದ ಕೊಳೆತ ವಾಸನೆ ಬಂದ ಹಾಗನ್ನಿಸಿ ಒಂದು ಬೊಗಸೆ ಸುಣ್ಣ ಕೊಟ್ಟರು. ಅನುಮಾನ ಹೋಗದೆ ಮಾರನೆಯ ದಿನ ಇನ್ನೊಂದು ಬೊಗಸೆ. ಕೊಳೆತದ್ದು ಬಾನಿಯಲ್ಲ, ಕಿಟಕಿಯ ಕೆಳಗಿನ ಹೂಕುಂಡದ ಗೊಬ್ಬರ. ಆ ವಾರ ಅದ್ದಿದ ನೂಲೆಲ್ಲ ಮಬ್ಬು ಮಬ್ಬಾಗಿ, ಪಟ್ಟೆ ಪಟ್ಟೆಯಾಗಿ ಬಂತು. ಬಾನಿಯ ಮೇಲಿನ ತಾಮ್ರದ ಹೊಳಪಿನ ಕೆನೆ ಮಾಯವಾಯಿತು. ವಾಸನೆಯೂ ನಿಂತಿತು.

"ಕೊಂದವಳು ನಾನೇ," ಅನ್ನುತ್ತಾರೆ ನೀಲಕ್ಕ. "ಗವಸು ಬಿಚ್ಚಿ ನೋಡ್ಬಹುದಿತ್ತು. ಕಿಟಕೀಲಿ ಯಾರೋ ನಿಂತಿದ್ರು, ನಾಚಿಕೆಯಾಯ್ತು. ನನ್ನ ಕೈ ತೋರ್ಸೋಕೆ ನಂಗೇ ನಾಚಿಕೆ. ಹಂಗೆ ಮಾಡಿಬಿಟ್ರು ನೋಡಿ."

ಮ್ಯಾನೇಜರ್‌ಗೆ ಇದರಿಂದ ದುಃಖವೇನೂ ಆದ ಹಾಗೆ ಕಾಣಲಿಲ್ಲ. ಪೇಟೆಯಿಂದ ಕಾರ್ಖಾನೆಯ ಪುಡಿ ತರಿಸಿದರು. ಸ್ಟೀಲಿನ ತೊಟ್ಟಿಯಲ್ಲಿ ಕಲಸಿದರೆ ತಕ್ಷಣ ಬಣ್ಣ. ಬಟ್ಟೆಯ ಮೇಲಿನ ಚೀಟಿ ಮಾತ್ರ ಬದಲಾಗಲಿಲ್ಲ, ಅದೇ ಎರಡು ಸಾಲು. ಬಾನಿಗೆ ಗಾಜು ಹಾಕುವ ಯೋಚನೆ ಆಗ ಹುಟ್ಟಿತು. ಗಾರೆಯವನು ಬರುವವರೆಗೆ ಏನು ಬೇಕಾದರೂ ಮಾಡಿಕೊಳ್ಳಿ, ನೊರೆ ಬಂದರೆ ಆಗ ನೋಡೋಣ ಎಂದು ನೀಲಕ್ಕನಿಗೆ ಹೇಳಿದರು.

ಸತ್ತ ಬಾನಿ ಏಳಬೇಕಾದರೆ ಬದುಕಿರುವ ಬಾನಿಯಿಂದ ಒಂದು ಕೊಡ ನೀರು ಬೇಕು. ಬಣ್ಣ ಅದ್ದುವವರಲ್ಲಿ ಒಂದು ಕಟ್ಟಳೆಯಿದೆ. ಹಗೆಯೇ ಬಂದು ಕೇಳಿದರೂ ಆ ಕೊಡ ಇಲ್ಲವೆನ್ನುವ ಹಾಗಿಲ್ಲ. ಆದರೆ ಕೇಳಲು ಹೋಗಬೇಕಾದವರು ನೀಲಕ್ಕ, ಕೊಡಬೇಕಾದವರು ಹಿಂದಿನ ಬೀದಿಯ ನಾದಿನಿ. ಅತ್ತೆ ತೀರಿಕೊಂಡ ಮೇಲೆ ಬಾನಿ ಮಗಳಿಗೋ ಸೊಸೆಗೋ ಎಂದು ಜಗಳವಾಗಿ ಇಬ್ಬರ ನಡುವೆ ಮಾತೇ ನಿಂತಿತ್ತು. ನಾದಿನಿ ಹಟಕ್ಕೆ ಬಿದ್ದು, ಅಮ್ಮನ ಬಾನಿಯಿಂದ ಒಂದು ಕೊಡ ಒಯ್ದು ತನ್ನ ಹಿತ್ತಲಲ್ಲೇ ಬೇರೆ ಬಾನಿ ಕಟ್ಟಿದ್ದರು.

ಆ ದಿನ ಅವರ ಹಿಂದೆ ನಾನೂ ಹೋಗಿದ್ದೆ. ನಾದಿನಿ ಹಿತ್ತಲ ಬಾಗಿಲಲ್ಲಿ ನಿಂತು, ಅತ್ತಿಗೆಯ ಕೈಯಲ್ಲಿದ್ದ ಖಾಲಿ ಕೊಡವನ್ನೂ ಮುಖವನ್ನೂ ನೋಡಿದರು.

"ಏನತ್ತಿಗೆ, ದಾರಿ ತಪ್ಪಿ ಬಂದ್ರಾ?"

"ಬಾನಿ ಹೋಯ್ತು ಕಣೆ."

ನಾದಿನಿಯ ಮುಖದಲ್ಲಿದ್ದ ಕೊಂಕು ನಿಂತಲ್ಲೇ ಇಳಿದುಹೋಯಿತು. ಹೇಗೆ ಎಂದು ಕೇಳಿದರು. ಗವಸಿನ ಕತೆ, ಮಲ್ಲಿಗೆ ಡಬ್ಬಿಯ ಕತೆ ಕೇಳುತ್ತಾ ಒಮ್ಮೆ ನಕ್ಕರು, ಇನ್ನೊಮ್ಮೆ ಹಲ್ಲು ಕಡಿದರು.

"ಅಮ್ಮ ನಿಮಗೆ ಅಂತ ಬಿಟ್ಟುಹೋದ್ಲು, ನೀವು ಮಲ್ಲಿಗೆ ಮೂಸ್ಕೊಂಡು ಕೂತ್ರಿ," ಎಂದರು. ಅಂದವರೇ ಕೊಡ ಕಸಿದುಕೊಂಡು ಬಾನಿಯ ಹತ್ತಿರ ಹೋದರು.

ಅಂದಿನಿಂದ ನೀಲಕ್ಕ ಗವಸು ಮುಟ್ಟಿಲ್ಲ. ಸುಣ್ಣ ನಿಲ್ಲಿಸಿ, ಬೆಚ್ಚಗಿನ ಬೂಸಾ ಗಂಜಿ ಉಣಿಸಿ, ಕಿಟಕಿಯಲ್ಲಿ ಯಾರಿದ್ದಾರೆಂದು ನೋಡದೆ ತೋಳು ಇಳಿಸುತ್ತಾರೆ. ಡಬ್ಬಿಗೆ ಹಳೆಯ ಚಿಂದಿಯೊಂದನ್ನು ತುರುಕಿದ್ದಾರೆ. ಅಷ್ಟಾದರೂ ಇವತ್ತು ಮುಂಜಾನೆಯವರೆಗೆ ನೀರು ಸುಮ್ಮನಿದೆ.

ಬಿಸಿಲು ಗೋಡೆ ಹತ್ತುವ ಹೊತ್ತಿಗೆ ಗಾರೆಯವನು ಬರುತ್ತಾನೆ, ಕರಣೆ, ಮರಳು ಜರಡಿ ಇಳಿಸುತ್ತಾನೆ. ನೀಲಕ್ಕ ಅವನ ಕಡೆ ನೋಡುವುದಿಲ್ಲ. ಕೋಲಿನಿಂದ ಬಾನಿಯನ್ನು ಒಂದು ಸುತ್ತು ತಿರುಗಿಸಿ ಕೋಲು ತೆಗೆಯುತ್ತಾರೆ. ನಡುವಿನಲ್ಲಿ ಮೊದಲು ಒಂದು ಗುಳ್ಳೆ, ಆಮೇಲೆ ನಾಲ್ಕಾರು. ನೋಡನೋಡುತ್ತಾ ಹಿಡಿ ಗಾತ್ರದ ನೊರೆ ಎದ್ದು ಅಲ್ಲೇ ನಿಲ್ಲುತ್ತದೆ, ದಟ್ಟ ನೀಲಿ. ಸುತ್ತ ತಾಮ್ರದ ಕೆನೆ ಹರಡುತ್ತದೆ. ಅಂಗಳಕ್ಕೆಲ್ಲ ಆ ಘಾಟು ತುಂಬುತ್ತದೆ. ನೀಲಕ್ಕ ಸೆರಗಿನಿಂದ ಮೂಗೊರೆಸಿಕೊಳ್ಳುತ್ತಾರೆ, ಕೆನ್ನೆಗೆ ನೀಲಿ ಹತ್ತುತ್ತದೆ.

"ಇದು ಬದುಕಿದೆಯಲ್ಲಮ್ಮಾ," ಎಂದು ಗಾರೆಯವನು ಕರಣೆ ಕೆಳಗಿಡುತ್ತಾನೆ.

ಮ್ಯಾನೇಜರ್ ಕರವಸ್ತ್ರ ಮೂಗಿಗಿಟ್ಟುಕೊಂಡು ಬರುತ್ತಾರೆ. ನೊರೆ ನೋಡುತ್ತಾರೆ. ತುಂಬಾ ಸಂತೋಷ ಅನ್ನುತ್ತಾರೆ. ಆದರೆ ಗಾಜು ಆಗಲೇ ಅಳತೆಗೆ ಕತ್ತರಿಸಿ ಆಗಿದೆಯಂತೆ. ಅಳತೆಗೆ ಕತ್ತರಿಸಿದ ಗಾಜು ವಾಪಸು ತೆಗೆದುಕೊಳ್ಳುವುದಿಲ್ಲವಂತೆ. ಒಂದು ಜೀವ ಏಳಲಿ ಎಂದು ಮಣ್ಣಿಗೆ ಮಂಡಿಯೂರಿದವರ ಮುಂದೆ ನಿಂತು ಅವರು ಗಾಜಿನ ಮಾತಾಡುತ್ತಾರೆ. ನೀವು ನಾಳೆಯಿಂದ ಇಸ್ತ್ರಿ ಸೀರೆ ಉಟ್ಟು ಇಲ್ಲೇ ಪಕ್ಕದಲ್ಲಿ ಕೂತು ಬಂದವರಿಗೆ ಹಳೆಯ ಕಾಲದ ಕತೆ ಹೇಳಿ, ಅಂತಲೂ ಸೇರಿಸುತ್ತಾರೆ. ಗವಸು ಹಾಕಿಕೊಂಡು.

ನನಗೆ ಕಿರುಚಬೇಕು ಅನ್ನಿಸುತ್ತದೆ. ನೀಲಕ್ಕ ಕಿರುಚುವುದಿಲ್ಲ. ನೀರು ಏನು ಮಾಡುತ್ತೀರಿ ಎಂದಷ್ಟೇ ಕೇಳುತ್ತಾರೆ. ಚರಂಡಿಗೆ ಎಂಬ ಉತ್ತರ ಬರುತ್ತದೆ. ಅವರು ಎದ್ದು, ಸೀರೆ ಕೊಡವಿ, ಹಿಂದಿನ ಬೀದಿಗೆ ಹೋಗುತ್ತಾರೆ.

ಬರುವಾಗ ಜೊತೆಗೆ ನಾದಿನಿಯಿದ್ದಾರೆ, ತಳ್ಳುಗಾಡಿಯಿದೆ, ಗಾಡಿಯ ಮೇಲೆ ಬೀದಿಯ ಮನೆಮನೆಯ ಕೊಡ, ಡ್ರಮ್ಮುಗಳಿವೆ. ಇಬ್ಬರೂ ಬಗ್ಗಿ ಮೊಗೆಯತೊಡಗುತ್ತಾರೆ. ಗಾರೆಯವನು ಮರಳು ಒದ್ದೆ, ಮಧ್ಯಾಹ್ನದವರೆಗೆ ಏನೂ ಮಾಡಲಾಗದು ಎಂದು ಹೇಳಿ ಕೊಡ ಎತ್ತಿಕೊಡುತ್ತಾನೆ. ಮರಳು ಒಣಗಿಯೇ ಇದೆ. ಏನು ಒಯ್ಯುತ್ತಿದ್ದೀರಿ ಎಂದು ಮ್ಯಾನೇಜರ್ ಕಿಟಕಿಯಿಂದ ಕೇಳಿದ್ದಕ್ಕೆ ನಾದಿನಿ ತಲೆಯೆತ್ತದೆ, "ನಿಮ್ಮ ಚರಂಡಿ ನೀರು, ಸ್ವಾಮಿ," ಅನ್ನುತ್ತಾರೆ.

ಈಗ ನೀಲಕ್ಕನ ಬಾನಿ ನಾದಿನಿಯ ಹಿತ್ತಲಲ್ಲಿ, ಅರ್ಧ ಹೂತ ಡ್ರಮ್ಮಿನಲ್ಲಿ ಇದೆ. ಅಲ್ಲಿಗೆ ಹೋದಾಗ ಅತ್ತಿಗೆ ನಾದಿನಿ ಇಬ್ಬರೂ ಬೂಸಾ ಯಾರು ಉಣಿಸಬೇಕೆಂದು ಜಗಳವಾಡುತ್ತಿರುತ್ತಾರೆ. ಅಂಗಡಿಯ ಕೆಲಸ ಹೋಗಿದೆ. ನೆರೆಯ ನೇಕಾರರು ನೂಲು ತಂದುಕೊಡುತ್ತಿದ್ದಾರೆ, ಸದ್ಯಕ್ಕೆ ಕಡಿಮೆಯೇ.

ಮೊನ್ನೆ ಅಂಗಡಿಯಿಂದ ಒಬ್ಬ ಬಂದಿದ್ದ. ಗಾಜಿನ ಕೆಳಗೆ ಬರೀ ನೀರು ತುಂಬಿ ನೀಲಿ ದೀಪ ಇಟ್ಟಿದ್ದಾರಂತೆ, ನೋಡಿದವರು ಈಜುಕೊಳವೇ ಎಂದು ಕೇಳುತ್ತಾರಂತೆ. ಚೆಂದಕ್ಕೆ ಒಂದು ಕೊಡ ನೊರೆ ನೀರು ಕಳಿಸಿಕೊಡಬೇಕಂತೆ. ನಾದಿನಿ ಬಾಯಿ ತೆರೆಯುವಷ್ಟರಲ್ಲಿ ನೀಲಕ್ಕ ತಡೆದರು. ಕೇಳಿದವರಿಗೆ ಇಲ್ಲವೆನ್ನುವುದು ತಮ್ಮಲ್ಲಿಲ್ಲ, ಕೊಡುತ್ತೇನೆ ಎಂದರು.

ಬಂದವನು ಕೊಡ ಚಾಚಿದ. ಅವರು ತೆಗೆದುಕೊಳ್ಳಲಿಲ್ಲ.

"ನಾನು ಮುಟ್ಟಿದ್ದು ನಿಮ್ಮ ಮ್ಯಾನೇಜರ್‌ಗೆ ಆಗಲ್ಲವಲ್ಲಪ್ಪ. ಅವರನ್ನೇ ಬರಹೇಳು. ಅಂಗಿ ತೋಳು ಮಡಚಿ, ಬರಿಗೈ ಇಳಿಸಿ, ಎಷ್ಟು ಬೇಕೋ ಮೊಗೆದುಕೊಂಡು ಹೋಗ್ಲಿ."